ಕೆಳದನಿಯ ಜಾಗ

ರೂಥೆಲ್‌ಳನ್ನು ಮಣ್ಣು ಮಾಡಿ ಬಂದವರೆಲ್ಲ ಚರ್ಚಿನ ನೆಲಮಾಳಿಗೆಯಲ್ಲಿ ಊಟಕ್ಕೆ ಕೂತಿದ್ದರು. ಹುರಿದ ಕೋಳಿ, ಹಂದಿಮಾಂಸ ಹಾಕಿ ಬೇಯಿಸಿದ ಸೊಪ್ಪು, ಮೆಕ್ಕೆಜೋಳದ ಬ್ರೆಡ್ಡು, ಗೆಣಸಿನ ಪೈ, ಯಾವುದಕ್ಕೂ ಕಡಿಮೆಯಿರಲಿಲ್ಲ. ದಕ್ಷಿಣ ಮೆಂಫಿಸ್‌ನಲ್ಲಿ ಬದುಕಿದ್ದಾಗ ತಿರುಗಿ ನೋಡದವರೂ ಸತ್ತಾಗ ಒಂದು ಪಾತ್ರೆ ಹೊತ್ತುಕೊಂಡು ಬರುತ್ತಾರೆ. ಓಜೆಲ್ಲಾ ಮಾತ್ರ ಬರಿಗೈಯಲ್ಲಿ ಬಂದಿದ್ದಳು. ಕಾಫಿ ಪಾತ್ರೆಯ ಪಕ್ಕದ ಕುರ್ಚಿಯಲ್ಲಿ, ಮಡಿಲಲ್ಲಿ ಪರ್ಸು ಇಟ್ಟುಕೊಂಡು, ಆದಷ್ಟು ಯಾರ ಕಣ್ಣಿಗೂ ಬೀಳದಂತೆ ಕೂತಿದ್ದಳು.

ಅವಳಿಗೆ ಬೇಕಿದ್ದದ್ದು ಒಂದೇ. ರೂಥೆಲ್ ತನ್ನನ್ನು ಕ್ಷಮಿಸಿ ಹೋದಳೋ, ಶಪಿಸಿಕೊಂಡೇ ಹೋದಳೋ, ಅದು ಗೊತ್ತಾಗಬೇಕಿತ್ತು. ಯಾರನ್ನು ಕೇಳುವುದು? ಉತ್ತರ ಹೇಳಬೇಕಾದವಳನ್ನು ಈಗಷ್ಟೇ ಹೂತು ಬಂದಾಗಿತ್ತು.

ಅವರು ಮೂವರಿದ್ದರು. ರೂಥೆಲ್ ಮುಂದೆ ನಿಂತು ಹಾಡುವವಳು, ಕ್ಲಿಯೋರಾ ಮೇಲುದನಿ, ಓಜೆಲ್ಲಾ ಕೆಳದನಿ. ಇಪ್ಪತ್ತರ ಆಸುಪಾಸಿನ ಹುಡುಗಿಯರು, ಒಂದೇ ಬಟ್ಟೆಯಲ್ಲಿ ಹೊಲಿಸಿದ ಮೂರು ಫ್ರಾಕು. ಭಾನುವಾರ ಚರ್ಚಿಗೆ ಮೊದಲು ಬಂದವಳು ಬೆಂಚಿನ ಮೇಲೆ ಪರ್ಸು ಇಟ್ಟು ಉಳಿದಿಬ್ಬರಿಗೆ ಜಾಗ ಹಿಡಿಯುವಳು. ಅವರು ರೆಕಾರ್ಡು ಮಾಡಿದ ಹಾಡು ‘ಚಿಲಕ ಹಾಕಿಲ್ಲ’. ಒಂದು ಬೇಸಿಗೆಯಿಡೀ ನಮ್ಮ ಕಪ್ಪು ಜನರ ರೇಡಿಯೋದಲ್ಲಿ ಅದೇ, ಪ್ರತಿ ಹೋಟೆಲಿನ ಕಾಸು ಹಾಕುವ ಹಾಡಿನ ಪೆಟ್ಟಿಗೆಯಲ್ಲಿ ಅದೇ. ರೂಥೆಲ್ ‘ಚಿಲಕ ಹಾಕಿಲ್ಲ, ದೀಪ ಆರಿಸಿಲ್ಲ’ ಎಂದು ಸಾಲನ್ನು ಎಳೆದು ಬಿಡುವಳು. ಆ ಸಂದಿನಲ್ಲಿ ಓಜೆಲ್ಲಾ ನಾಭಿಯಿಂದ ‘ಹೂಂ, ಬಾ… ಒಳಗೆ ಬಾ’ ಎನ್ನಬೇಕು. ಅಷ್ಟೇ ಅವಳ ಪಾಲು. ಅದಿಲ್ಲದೆ ಹಾಡಿಗೆ ತಳವೇ ಇಲ್ಲ ಎಂದು ರೂಥೆಲ್ಲೇ ಹೇಳುತ್ತಿದ್ದಳು.

ಇಪ್ಪತ್ತು ವರ್ಷ ಕಳೆದು, ಕ್ಲಿಯೋರಾ ತೀರಿಕೊಂಡ ಮೇಲೆ, ಕ್ಯಾಲಿಫೋರ್ನಿಯಾದ ಬಿಳಿ ಹುಡುಗಿಯೊಬ್ಬಳು ಅದನ್ನೇ ಪಾಪ್ ಮಾಡಿ ಹಾಡಿದಳು. ಯಂತ್ರದ ಡ್ರಮ್ಮು, ಎರಡು ಪಟ್ಟು ಓಟ. ಜಗತ್ತೆಲ್ಲ ಕುಣಿಯಿತು. ಅದರಲ್ಲಿ ಕೆಳದನಿಯನ್ನು ಕಿತ್ತು ಹಾಕಿದ್ದರು. ರೂಥೆಲ್‌ಳ ಸಾಲು ಮುಗಿದಲ್ಲಿ ಬರೀ ಟಕ್ ಟಕ್ ಟಕ್. ಆಸ್ಪತ್ರೆಯ ಬಟ್ಟೆ ಒಗೆಯುವ ವಿಭಾಗದಲ್ಲಿ ಓಜೆಲ್ಲಾಳ ಜೊತೆ ಕೆಲಸ ಮಾಡುವವರು ರೇಡಿಯೋ ಜೋರು ಮಾಡಿದಾಗ ಇವಳು ಸುಮ್ಮನಿರಲಾರದೆ, ‘ಅದು ನಮ್ಮ ಹಾಡು ಕಣ್ರೇ’ ಎಂದುಬಿಟ್ಟಳು.

‘ಹೌದಾ? ಎಲ್ಲಿ, ಹಾಡು ನೋಡೋಣ!’

ಹಾಡಿದಳು, ತನ್ನ ಪಾಲನ್ನು. ಎಲ್ಲರೂ ಬಿದ್ದು ಬಿದ್ದು ನಕ್ಕರು. ‘ಇದೆಲ್ಲಿದೆ ಅದರಲ್ಲಿ? ಬೊಗಳೆ ಬಿಡೋಕೂ ಒಂದು ಲೆಕ್ಕ ಬೇಡ್ವೇ ಮಾರಾಯ್ತಿ!’

ಅದೇ ವಾರ ರೂಥೆಲ್ ಟೀವಿಯಲ್ಲಿ ಆ ಹುಡುಗಿಯನ್ನು ತಬ್ಬಿಕೊಂಡು ನಿಂತಿದ್ದಳು. ಓಜೆಲ್ಲಾ ಮೈಯೆಲ್ಲ ಉರಿದು ಫೋನು ಮಾಡಿದಳು.

‘ನಮ್ಮ ಹಾಡು ಕದ್ದೋಳ ಹೆಗಲ ಮೇಲೆ ಕೈ ಹಾಕ್ತೀಯಲ್ಲ, ನಾಚಿಕೆ ಆಗಲ್ವೇನೇ ನಿನಗೆ?’

‘ಯಾರೋ ಒಬ್ಬರು ಹಾಡ್ತಿದ್ದಾರಲ್ಲೇ ಓಜೀ. ನಮ್ಮದನ್ನ ಜನ ಮರೆತೇ ಬಿಟ್ಟಿದ್ರು.’

‘ಅದರಲ್ಲಿ ನಾನೆಲ್ಲಿದ್ದೀನಿ? ಹೇಳು! ನಾನಿಲ್ಲದ ಹಾಡೂ ನನಗೆ ಬೇಡ, ಅದಕ್ಕೆ ಹಲ್ಲು ಕಿರಿಯೋ ನೀನೂ ಬೇಡ!’

ಆಮೇಲೆ ರೂಥೆಲ್ ಎಷ್ಟೋ ಸಲ ಫೋನು ಮಾಡಿದಳು. ಒಂದು ಸಲ ಮನೆಗೇ ಬಂದು ಬಾಗಿಲು ಬಡಿದಳು. ‘ಓಜೀ, ಇದ್ದೀಯಾ?’ ಎಂದು ಕೂಗಿದಳು. ಓಜೆಲ್ಲಾ ಚಿಲಕ ಹಾಕಿಕೊಂಡು, ಉಸಿರು ಬಿಗಿಹಿಡಿದು, ಅಡುಗೆಮನೆಯಲ್ಲಿ ಕೂತಿದ್ದಳು. ಅಬ್ಬಾ, ಹಠ ಅಂದರೆ ಅದು! ಎಂಟು ವರ್ಷ ಆ ಹಠವನ್ನು ಸಾಕಿಕೊಂಡಳು. ರೂಥೆಲ್‌ಗೆ ಎದೆನೋವು ಬಂತೆಂದು ಪಕ್ಕದ ಮನೆಯವರು ಹೇಳಿದಾಗ, ನಾಳೆ ಹೋದರಾಯಿತು ಎಂದುಕೊಂಡಳು. ಆ ನಾಳೆಯೇ ಸುದ್ದಿ ಬಂತು.

ಊಟ ಅರ್ಧವಾದಾಗ ಪಾದ್ರಿ ಟಾಲಿವರ್ ಎದ್ದು, ‘ನಮ್ಮ ಸಿಸ್ಟರ್ ರೂಥೆಲ್ ಬಗ್ಗೆ ಮಾತಾಡೋರು ಮಾತಾಡಬಹುದು. ಎರಡೇ ನಿಮಿಷ, ದಯವಿಟ್ಟು. ಕಳೆದ ಸಲದ ಥರ ಪೈ ತಣ್ಣಗಾಗೋದು ಬೇಡ’ ಎಂದರು. ಒಬ್ಬೊಬ್ಬರಾಗಿ ಎದ್ದು ಹೊಗಳಿದರು. ಕೊನೆಗೆ ಓಜೆಲ್ಲಾಳ ಕಾಲುಗಳು ಅವಳನ್ನು ಕೇಳದೆಯೇ ಎದ್ದು ನಿಂತವು.

‘ನನಗೆ ಮಾತು ಬರಲ್ಲ. ರೂಥೆಲ್ ಹಾಡು ಹಾಡ್ತೀನಿ’ ಎಂದಳು.

ರೂಥೆಲ್‌ಳ ಸಾಲಿನಿಂದಲೇ ಶುರು ಮಾಡಬೇಕೆಂದಿದ್ದಳು. ಆದರೆ ಬಾಯಿ ಕೇಳಬೇಕಲ್ಲ! ಅದು ಮೂವತ್ತು ವರ್ಷದ ಅಭ್ಯಾಸದಂತೆ ಒಂದು ಸಾಲಿನಷ್ಟು ಹೊತ್ತು ಮುಚ್ಚಿಕೊಂಡೇ ಇದ್ದು, ಆಮೇಲೆ ತೆರೆಯಿತು. ‘ಹೂಂ, ಬಾ… ಒಳಗೆ ಬಾ.’ ಮತ್ತೆ ಮುಚ್ಚಿಕೊಂಡಿತು, ರೂಥೆಲ್‌ಳ ಸಾಲಿಗಾಗಿ.

ನಮ್ಮ ಚರ್ಚಿನಲ್ಲಿ ಹಾಡುವವರ ಗಂಟಲು ಕಟ್ಟಿದರೆ ಕೂತವರು ಧೈರ್ಯ ಹೇಳುವುದು ವಾಡಿಕೆ. ಇವಳು ದುಃಖ ತಡೆಯಲಾರದೆ ನಿಂತಳೆಂದೇ ಎಲ್ಲರೂ ತಿಳಿದರು.

‘ಅವಸರ ಇಲ್ಲ ಸಿಸ್ಟರ್, ನಿಧಾನವಾಗಿ!’

‘ಅತ್ತುಬಿಡಮ್ಮಾ, ಅತ್ತುಬಿಡು!’

‘ಹೂಂ, ಬಾ… ಒಳಗೆ ಬಾ.’ ಮತ್ತೆ ಸುಮ್ಮನೆ.

‘ದೇವರು ನಿನ್ನ ಕೈ ಹಿಡಿದಿದ್ದಾನೆ, ಸಿಸ್ಟರ್!’

ಹಿಂದಿನ ಮೇಜಿನಿಂದ ಒಬ್ಬ ಪಿಸುಗುಟ್ಟಿದ, ‘ಯಾವ ಹಾಡಯ್ಯಾ ಇದು? ಮುಂದಕ್ಕೇ ಹೋಗ್ತಿಲ್ವಲ್ಲ.’ ಯಾರೋ ನಗು ನುಂಗಿಕೊಂಡರು. ಓಜೆಲ್ಲಾಳ ಕಿವಿ ಬಿಸಿಯಾಯಿತು. ತನ್ನ ಪಾಲು ಹಾಡಲ್ಲ, ಹಾಡಿನ ಒಂದು ಚೂರು. ಅದನ್ನು ಹಾಡು ಮಾಡುತ್ತಿದ್ದವಳು ಇನ್ನಿಲ್ಲ. ಈ ಇಡೀ ಊರಿನಲ್ಲಿ ತನ್ನ ದನಿಯ ಗುರುತು ಹಿಡಿಯುವವರು ಒಬ್ಬರೂ ಉಳಿದಿಲ್ಲವೆಂದು ಆ ಹೊತ್ತಿನಲ್ಲಿ ಅವಳಿಗೆ ಅರಿವಾಯಿತು. ಕೂತುಬಿಡೋಣವೆಂದು ಕುರ್ಚಿಗಾಗಿ ಕೈ ಚಾಚಿದಳು.

ಚರ್ಚಿನ ಅಡುಗೆಮನೆಯಲ್ಲಿ ಪಾತ್ರೆಯ ಸದ್ದು ನಿಂತಿತು. ರೂಥೆಲ್‌ಳ ಮಗಳು ಯೋಲಾಂಡ ಸೌಟು ಹಿಡಿದುಕೊಂಡೇ ಹೊರಗೆ ಓಡಿ ಬಂದಳು.

‘ಯಾರು ಹಾಡಿದ್ದು? ಅದು ನಮ್ಮಮ್ಮನ ಹಾಡು!’ ಎಂದವಳು ಓಜೆಲ್ಲಾಳನ್ನು ನೋಡಿ ಅಲ್ಲೇ ನಿಂತಳು. ‘ಓಜೆಲ್ಲಾ ಆಂಟೀ! ನೀವು ಬಂದಿದ್ದೀರ ಅಂತ ಯಾರೂ ಹೇಳ್ಲೇ ಇಲ್ಲ!’

‘ಅದು ನಿಮ್ಮಮ್ಮಂದಲ್ಲ ಮಗಳೇ, ನನ್ನ ಪಾಲು ಅದು. ಅವಳದ್ದು ಇದಕ್ಕೆ ಮೊದಲಿನ ಸಾಲು.’

‘ನನಗೊತ್ತು ಆಂಟಿ. ಪಾತ್ರೆ ತೊಳೀವಾಗೆಲ್ಲ ಆ ಹುಡುಗಿ ಕ್ಯಾಸೆಟ್ ಹಾಕ್ಕೊಂಡು ಅಮ್ಮ ಇದನ್ನೇ ಹಾಡೋಳು. ಅಷ್ಟು ಕೆಳಗೆ ದನಿ ಇಳೀದೆ ಕೆಮ್ಮೋಳು, ಆದ್ರೂ ಬಿಡ್ತಿರಲಿಲ್ಲ. ಅಲ್ಲಮ್ಮಾ, ನಿನ್ನ ಸಾಲು ಹಾಡೋದು ಬಿಟ್ಟು ಇದ್ಯಾಕೆ ಅಂತ ಕೇಳಿದ್ರೆ, “ನನ್ನ ಸಾಲಿಗೆ ಆ ಹುಡುಗಿ ಇದ್ದಾಳಲ್ಲೇ. ಇದು ಖಾಲಿ ಬಿದ್ದಿದೆ. ಓಜಿ ಬರೋವರೆಗೂ ಪರ್ಸು ಇಟ್ಕೊಂಡು ಜಾಗ ಹಿಡಿದಿರ್ತೀನಿ” ಅನ್ನೋಳು.’

ಓಜೆಲ್ಲಾ ಕುರ್ಚಿ ಎಳೆದುಕೊಂಡಳು. ಕೂತು, ‘ಕೋಪ ಇತ್ತಾ ನನ್ನ ಮೇಲೆ?’ ಎಂದಳು.

‘ಇತ್ತು, ಸುಳ್ಳು ಯಾಕೆ ಹೇಳಲಿ? ಹೇಸರಗತ್ತೆ ಅಂತ ಬೈಯೋಳು. ಬೈದು ಮುಗಿಸಿ ಕ್ಯಾಸೆಟ್ ಹಾಕೋಳು.’

ಆಗ ಓಜೆಲ್ಲಾ ಅತ್ತಳು. ಯಾರೂ ಧೈರ್ಯ ಹೇಳಲಿಲ್ಲ. ಪಾದ್ರಿಗಳೂ ಎರಡು ನಿಮಿಷದ ಮಾತೆತ್ತಲಿಲ್ಲ.

ಯೋಲಾಂಡ ಅವಳನ್ನು ಕಾರಿನಲ್ಲಿ ಮನೆಗೆ ಬಿಟ್ಟು, ಬೇಡವೆಂದರೂ ಕೇಳದೆ ಅಲ್ಯುಮಿನಿಯಂ ಹಾಳೆ ಮುಚ್ಚಿದ ಊಟದ ತಟ್ಟೆಯನ್ನು ಕೈಗಿಟ್ಟು ಹೋದಳು. ಹೊತ್ತು ಇಳಿಯುತ್ತಿತ್ತು. ಓಜೆಲ್ಲಾ ಟೋಪಿ ಕೂಡ ತೆಗೆಯದೆ ಅಡುಗೆಮನೆಯ ಮೇಜಿನ ಮುಂದೆ ಕೂತಳು. ಅಂದು ಬಾಗಿಲು ಬಡಿದ ಸದ್ದು ಕೇಳುತ್ತ ಕೂತಿದ್ದ ಅದೇ ಕುರ್ಚಿ. ಪಕ್ಕದ ಕುರ್ಚಿಯ ಮೇಲೆ ಪರ್ಸು ಇಟ್ಟಳು.

ಆಮೇಲೆ ಬಾಯನ್ನು ಬಲವಂತ ಮಾಡಿ, ಜೀವಮಾನದಲ್ಲಿ ಮೊದಲ ಸಲ ರೂಥೆಲ್‌ಳ ಸಾಲನ್ನು ಹಾಡಿದಳು. ‘ಚಿಲಕ ಹಾಕಿಲ್ಲ, ದೀಪ ಆರಿಸಿಲ್ಲ.’ ದನಿ ಮೇಲಕ್ಕೇರದೆ ಒಡೆಯಿತು. ಸಾಲು ಮುಗಿಸಿ, ಕೆಳದನಿಗೆ ಬೇಕಾದಷ್ಟು ಜಾಗ ಬಿಟ್ಟು, ಕಾದಳು.

ಫ್ರಿಜ್ಜು ಗುಂಯ್‌ಗುಡುತ್ತಿತ್ತು. ಒಳಗೆ ಬಾ ಎಂದು ಯಾರೂ ಹಾಡಲಿಲ್ಲ.