ಖಾಲಿ ಹಾಳೆಯ ರುಜು

ಸಿದ್ದರಾಮು ಶಾಸಕರಾಗಿದ್ದದ್ದು ಬರೀ ಹನ್ನೊಂದು ತಿಂಗಳು. ಉಪಚುನಾವಣೆಯಲ್ಲಿ ಗೆದ್ದರು, ಅವಧಿ ಮುಗಿಯಿತು, ಮತ್ತೆ ಕರಿ ಕೋಟು ಹಾಕಿಕೊಂಡು ನಾಗಮಂಗಲದ ಕೋರ್ಟಿಗೆ ಬಂದರು. ಊರಿನವರು ಮಾತ್ರ ಈಗಲೂ ‘ಎಮ್ಮೆಲ್ಲೆ ಲಾಯರು’ ಎನ್ನುತ್ತಿದ್ದರು. ಅದನ್ನು ಕೇಳಿ ಅವರು ಒಳಗೊಳಗೇ ಹಿಗ್ಗುತ್ತಿದ್ದರು, ಸುಳ್ಳೇಕೆ ಹೇಳಲಿ! ಬರುವ ಚುನಾವಣೆಗೆ ಮತ್ತೆ ನಿಲ್ಲುವ ಆಸೆಯೂ ಇತ್ತು.

ಆ ದಿನ ಕಟಕಟೆಯಲ್ಲಿದ್ದವಳು ಅವರದೇ ಕಕ್ಷಿದಾರಳು, ಹೊಣಕೆರೆ ಕಡೆಯ ಕುಳ್ಳಮ್ಮ. ಸತ್ತ ಗಂಡನ ಮುಕ್ಕಾಲು ಎಕರೆ ಹೊಲವನ್ನು ಪಕ್ಕದ ರವೀಂದ್ರ ತನ್ನದೆಂದು ಉಳುತ್ತಿದ್ದ. ಸೋತರೆ ಆಕೆಗೆ ಕಾಲೂರಲು ಬೇರೆ ಮಣ್ಣಿಲ್ಲ. “ಓದಿಸಿ ಕೇಳದೆ ಯಾವ ಕಾಗದಕ್ಕೂ ಹೆಬ್ಬೆಟ್ಟು ಒತ್ಬೇಡ” ಎಂದು ಸಿದ್ದರಾಮು ಮೊದಲ ದಿನವೇ ಗದರಿದ್ದರು. ಆಕೆ ಅವರ ವಕಾಲತ್ತನ್ನೂ ಎರಡು ಸಲ ಓದಿಸಿಯೇ ಒತ್ತಿದ್ದಳು.

ರವೀಂದ್ರನ ವಕೀಲ ಒಂದು ಹಾಳೆ ಮುಂದೆ ಹಿಡಿದ. ಶಾಸಕರ ಲೆಟರ್‌ಹೆಡ್. ‘ಸದರಿ ಜಮೀನು ಇಪ್ಪತ್ತು ವರ್ಷದಿಂದ ರವೀಂದ್ರನ ಅನುಭವದಲ್ಲಿರುವುದು ನನಗೆ ಖುದ್ದು ಗೊತ್ತು.’ ಕೆಳಗೆ ಸಿದ್ದರಾಮು ಅವರ ರುಜು.

ಸಿದ್ದರಾಮು ಹಾಳೆ ಈಸಿಕೊಂಡು ನೋಡಿದರು. ರುಜು ಅವರದೇ, ಬರಹವನ್ನು ಕಂಡೇ ಇರಲಿಲ್ಲ. ಅಧಿವೇಶನಕ್ಕೆ ಹೊರಡುವಾಗಲೆಲ್ಲ ಐವತ್ತು ಖಾಲಿ ಹಾಳೆಗೆ ರುಜು ಗೀಚಿ ಪಿಎ ಕೈಗೆ ಕೊಡುತ್ತಿದ್ದರು. ಆಸ್ಪತ್ರೆಗೆ, ಹಾಸ್ಟೆಲ್ ಸೀಟಿಗೆ ಪತ್ರ ಕೇಳಿ ಬಂದವರು ಕಾಯಬಾರದಲ್ಲ! ಆ ಪುಣ್ಯಾತ್ಮ ಯಾರಿಗೆ ಏನು ಟೈಪು ಮಾಡಿಕೊಟ್ಟನೋ. ಮೂವತ್ತು ವರ್ಷ ಊರಿಗೆಲ್ಲ ಬುದ್ಧಿ ಹೇಳಿದ ಲಾಯರು ಮಾಡಿದ ಕೆಲಸ ನೋಡಿ.

“ಈ ಪತ್ರ ಕೊಟ್ಟಿರೋರು ನಿಮ್ ಲಾಯರೇ ಕಣಮ್ಮ. ಅವ್ರು ಸುಳ್ಳು ಬರ್ದವ್ರಾ?” ಎಂದ ವಕೀಲ.

ಕುಳ್ಳಮ್ಮ ತಿರುಗಿ ಸಿದ್ದರಾಮು ಅವರನ್ನೇ ನೋಡಿದಳು. “ಇಲ್ಲ ಕಣ್ ಬುದ್ಧಿ. ನಮ್ ಲಾಯರಪ್ಪ ಸುಳ್ಳು ಬರಿಯಾಕಿಲ್ಲ.”

“ಅಂಗಾದ್ರೆ ಜಮೀನು ರವೀಂದ್ರಂದೇ ಅಂತಾಯ್ತು?”

ಆಕೆಯ ತುಟಿ ಅಲುಗಿತು. ಅಯ್ಯೋ ಶಿವನೇ! ಹೂಂ ಅಂದಳೋ, ಹೊಲ ಹೋಯಿತು. ಟೈಪಿಸ್ಟ್ ಬೆರಳು ಎತ್ತಿ ಕಾಯುತ್ತಿದ್ದ. “ಫೋರ್ಜರಿ ಅಂದ್ಬಿಡಿ ಸರ್,” ಎಂದು ಜೂನಿಯರ್ ಅಕ್ಷಿತಾ ಪಿಸುಗುಟ್ಟಿದಳು. ಹಾಗಂದರೆ ಪಿಎ ಜೈಲಿಗೆ, ಸಿದ್ದರಾಮು ಚುನಾವಣೆಗೆ.

ಅವರು ಎದ್ದರು.

“ಸ್ವಾಮಿ, ರುಜು ನನ್ನದು. ಒಕ್ಕಣೆ ನನ್ನದಲ್ಲ. ಖಾಲಿ ಹಾಳೆಗೆ ರುಜು ಹಾಕಿ ಬಿಟ್ಟುಹೋಗ್ತಿದ್ದೆ.”

ಕೋರ್ಟು ಗುಜುಗುಜು ಎಂದಿತು. ನ್ಯಾಯಾಧೀಶರು ಕನ್ನಡಕ ತೆಗೆದರು. “ಹಾಗಾದರೆ ನೀವು ಸಾಕ್ಷಿ ಹೇಳಬೇಕಾಗುತ್ತೆ. ಈ ಕೇಸಿಗೆ ಲಾಯರಾಗಿ ಮುಂದುವರಿಯೋಕಾಗಲ್ಲ.”

“ಗೊತ್ತು ಸ್ವಾಮಿ.” ಫೈಲನ್ನು ಅಕ್ಷಿತಾ ಕೈಗಿಟ್ಟು, ಕೊರಳಿನ ಬಿಳಿ ಪಟ್ಟಿ ಬಿಚ್ಚಿದರು.

ಮಧ್ಯಾಹ್ನ ಅದೇ ಕಟಕಟೆಯಲ್ಲಿ ನಿಂತು ಎಲ್ಲವನ್ನೂ ಹೇಳಿದರು. ರವೀಂದ್ರನ ವಕೀಲ ಬಿಟ್ಟಾನೆಯೇ? ಅಂಥ ಹಾಳೆ ಇನ್ನೆಷ್ಟಿವೆ ಎಂದು ಕೆದಕಿದ. “ಗೊತ್ತಿಲ್ಲ,” ಎಂದರು. ಬಾಗಿಲಲ್ಲಿ ನಿಂತಿದ್ದ ಪಕ್ಷದವರು ಒಬ್ಬೊಬ್ಬರೇ ಜಾರಿಕೊಂಡರು. ಮಾಡಿದ್ದುಣ್ಣೋ ಮಹಾರಾಯ! ಆದರೆ ಆ ಪತ್ರಕ್ಕೆ ಕವಡೆ ಕಿಮ್ಮತ್ತೂ ಉಳಿಯಲಿಲ್ಲ. ರವೀಂದ್ರನ ಮುಖ ಹರಳೆಣ್ಣೆ ಕುಡಿದಂತಾಗಿತ್ತು.

ಟೈಪಾದ ಹೇಳಿಕೆ ರುಜುವಿಗೆ ಬಂತು. ನಾಚಿಕೆಗೆ ಅಲ್ಲಿಂದ ಇಳಿದು ಓಡಿದರೆ ಸಾಕೆನಿಸಿ ಸಿದ್ದರಾಮು ತಟ್ಟನೆ ಪೆನ್ನು ಊರಿದರು.

ಬೆಂಚಿನಿಂದ ಕುಳ್ಳಮ್ಮ ಎದ್ದು ನಿಂತಳು. “ಲಾಯರಪ್ಪ, ಓದ್ಬುಟ್ಟು ಆಕ್ರಪ್ಪ. ಎಬ್ಬೆಟ್ಟಿನೋಳು ನಾನೇ ಓದಿಸ್ದೆ ಒತ್ತಾಕಿಲ್ಲ.”

ಯಾರೂ ನಗಲಿಲ್ಲ. ಸಿದ್ದರಾಮು ಪೆನ್ನು ಕೆಳಗಿಟ್ಟರು. ಮೊದಲ ಸಾಲಿನಿಂದ, ಆಕೆಗೂ ಕೇಳುವ ಹಾಗೆ, ಗಟ್ಟಿಯಾಗಿ ಓದತೊಡಗಿದರು.