ಹೆಲಿಕಾಪ್ಟರ್ ಇಳಿಸಬಹುದಾದ ತಾರಸಿ

ಆ ದೇಶದಲ್ಲಿ ಕಟ್ಟಡದ ಕೆಲಸ ನಿಂತಾಗ ಎಷ್ಟು ಗಟ್ಟಿಯಾಗಿ ನಿಂತಿತೆಂದರೆ, ಮೇಸ್ತ್ರಿ ಎತ್ತಿದ ಇಟ್ಟಿಗೆ ಎತ್ತಿದ ಕೈಯಲ್ಲೇ ಉಳಿಯಿತು. ಕ್ರೇನುಗಳು ಕುತ್ತಿಗೆ ಚಾಚಿಕೊಂಡೇ ನಿದ್ದೆಹೋದವು; ಅವುಗಳ ತುದಿಯಲ್ಲಿ ಹದ್ದುಗಳು ಗೂಡು ಕಟ್ಟಿ, ಮರಿ ಮಾಡಿ, ಮೊಮ್ಮಕ್ಕಳನ್ನೂ ಕಂಡವು. ಸಿಮೆಂಟಿನ ಮೂಟೆಗಳು ಅಂಗಡಿಯಲ್ಲೇ ಕಲ್ಲಾಗಿ, ಅಂಗಡಿಯವರು ಅವನ್ನೇ ಮೆಟ್ಟಿಲು ಮಾಡಿಕೊಂಡರು. ಬ್ಯಾಂಕಿನವರು ಮನೆ ಸಾಲ ಎಂಬ ಮಾತು ಕಿವಿಗೆ ಬಿದ್ದರೆ ಸಾಕು, ಕಿಟಕಿಯಿಂದ ಹಾರಿ ಓಡುತ್ತಿದ್ದರು.

ಈ ನಿದ್ದೆಯ ಅಷ್ಟೂ ಭಾರ ಬಂದು ಬಿದ್ದದ್ದು ಜಾಕಿ ಸಾಹುಕಾರರ ಅಂಗಳದ ಮೇಲೆ. ಹೊಸದಾಗಿ ಹಾಕಿದ ತಾರಸಿ ಗಟ್ಟಿಯಾಗುವ ತನಕ ಅದನ್ನು ಕೆಳಗಿನಿಂದ ಹೊತ್ತು ನಿಲ್ಲುವ ಕಬ್ಬಿಣದ ಕಂಬಗಳಿಗೆ ಕೆಲಸದವರು ಜಾಕಿ ಅನ್ನುತ್ತಾರೆ. ನಡುವಿನ ತಿರುಪು ತಿರುಗಿಸಿದರೆ ಉದ್ದವಾಗುತ್ತದೆ, ಹಿಂದಕ್ಕೆ ತಿರುಗಿಸಿದರೆ ಕುಗ್ಗುತ್ತದೆ. ಅವನ್ನು ಬಾಡಿಗೆಗೆ ಕೊಡುವುದು ಸಾಹುಕಾರರ ಕಸುಬು. ಒಳ್ಳೆಯ ಕಾಲದಲ್ಲಿ ಒಂದು ಜಾಕಿಯೂ ಮನೆಯಲ್ಲಿ ನಿಲ್ಲುತ್ತಿರಲಿಲ್ಲ, ಅಂಗಳ ಬೋಳು ತಲೆಯ ಹಾಗೆ ಮಿರಮಿರ ಮಿಂಚುತ್ತಿತ್ತು. ಕೆಟ್ಟ ಕಾಲ ಬಂದದ್ದೇ ಎಲ್ಲ ಜಾಕಿಗಳೂ ಶಾಲೆ ಬಿಟ್ಟ ಮಕ್ಕಳಂತೆ ಮನೆಗೆ ಓಡಿಬಂದವು. ಅಂಗಳ ತುಂಬಿತು, ಜಗಲಿ ತುಂಬಿತು, ಗುಡ್ಡವಾಯಿತು. ಗುಡ್ಡದ ನೆತ್ತಿ ಹತ್ತಿ ನಿಂತರೆ ಪಕ್ಕದ ಊರಿನವರು ಒಲೆಯ ಮೇಲೆ ಏನಿಟ್ಟಿದ್ದಾರೆಂದು ಕಾಣುತ್ತಿತ್ತು.

"ಅಂಗಳ ತುಂಬಿದ್ರೆ ದೇಶ ಖಾಲಿ, ಅಂಗಳ ಖಾಲಿಯಾದ್ರೆ ದೇಶ ತುಂಬ್ತು. ಅಷ್ಟೇ ಕಣಯ್ಯಾ ಅರ್ಥಶಾಸ್ತ್ರ," ಎಂದು ಸಾಹುಕಾರರು ರೇಡಿಯೋಗೇ ಬುದ್ಧಿ ಹೇಳುತ್ತಿದ್ದರು. ರೇಡಿಯೋ ತನ್ನ ಪಾಡಿಗೆ "ನಿರ್ಮಾಣ ವಲಯದಲ್ಲಿ ಹಿನ್ನಡೆ" ಎನ್ನುತ್ತಿತ್ತು.

ಆದರೆ ಗುಡ್ಡಕ್ಕಿಂತ ದೊಡ್ಡ ಕತೆ ಮನೆಯ ಒಳಗಿತ್ತು. ದೇಶದ ಕೆಲಸ ನಿಂತ ದಿನವೇ ಸಾಹುಕಾರರು ತಮ್ಮ ಮನೆಗೆ ತಾರಸಿ ಹಾಕಿಸುತ್ತಿದ್ದರು. ಅರ್ಧ ಹಾಕುವಷ್ಟರಲ್ಲಿ, ಇನ್ನು ಎಲ್ಲೂ ಕೆಲಸ ಇಲ್ಲವಂತೆ ಎಂಬ ಸುದ್ದಿ ಬಂತು. ಕೆಲಸದವರು ಕಾಂಕ್ರೀಟಿನ ಬುಟ್ಟಿ ಇಟ್ಟಲ್ಲೇ ಇಟ್ಟು ತಂತಮ್ಮ ಊರಿನ ಬಸ್ಸು ಹಿಡಿಯಲು ಓಡಿದರು. ಉಳಿದ ಅರ್ಧವನ್ನು ಕಲಸಿ ಸುರಿದದ್ದು ಸಾಹುಕಾರರು, ಅವರ ಹೆಂಡತಿ, ಬಾಮೈದ ಮತ್ತು ಅತ್ತೆ. ಜಲ್ಲಿ ಎಷ್ಟು, ಮರಳು ಎಷ್ಟು, ನೀರು ಎಷ್ಟು ಎಂದು ಯಾರೂ ನೋಡಲಿಲ್ಲ; ಸಿಕ್ಕಿದ್ದು ಸಿಕ್ಕಿದ ಹಾಗೆ ಬಿತ್ತು. ಮಾರನೆಯ ದಿನದಿಂದ ಸಾಹುಕಾರರು ಬೀದಿಗೆಲ್ಲ ಹೇಳಿಕೊಂಡು ತಿರುಗಿದರು: "ನಮ್ಮ ತಾರಸಿ ನೋಡಿದ್ರಾ? ಹೆಲಿಕಾಪ್ಟರ್ ಇಳಿಸಬಹುದು!"

ಹೇಳಿದರೇ ಹೊರತು, ಕೆಳಗಿನ ಜಾಕಿಗಳನ್ನು ತೆಗೆಸಲಿಲ್ಲ. ತಿಂಗಳು ಕಳೆಯಿತು, ವರುಷ ಕಳೆಯಿತು, ವರುಷಗಳು ಕಳೆದವು, ನಡುಮನೆಯಲ್ಲಿ ಕಬ್ಬಿಣದ ಕಾಡು ಹಾಗೇ ನಿಂತಿತ್ತು. ಬಂದವರೆಲ್ಲ ಹಣೆ ಬಡಿಸಿಕೊಂಡೇ ಒಳಗೆ ಬರುತ್ತಿದ್ದರು. ಹೆಂಡತಿ ತವರಿನಿಂದ ತಂದ ದೊಡ್ಡ ಮೇಜು ಕಂಬಗಳ ನಡುವೆ ತೂರದೆ ಜಗಲಿಯಲ್ಲೇ ಉಳಿಯಿತು. ಮನೆಯವರೆಲ್ಲ ಏಡಿಗಳ ಹಾಗೆ ಅಡ್ಡಡ್ಡ ನಡೆಯುವುದನ್ನು ಕಲಿತರು.

"ಹೆಲಿಕಾಪ್ಟರ್ ಇಳಿಸೋ ತಾರಸಿಗೆ ಊರುಗೋಲು ಯಾಕ್ರೀ?" ಎಂದು ಹೆಂಡತಿ ಕೇಳುತ್ತಿದ್ದಳು.

"ಊರುಗೋಲಲ್ಲ ಮಾರಾಯ್ತಿ, ದಾಸ್ತಾನು! ಅಂಗಳದಲ್ಲಿ ಜಾಗ ಎಲ್ಲಿದೆ?"

ಅದೊಂದು ಉತ್ತರಕ್ಕೆ ದೇಶದ ಇಡೀ ಕಟ್ಟಡ ಉದ್ಯಮವೇ ಸಾಕ್ಷಿಯಾಗಿ ಅಂಗಳದಲ್ಲಿ ಬಿದ್ದುಕೊಂಡಿತ್ತು. ಹೆಂಡತಿ ಕಂಬದಿಂದ ಕಂಬಕ್ಕೆ ಹಗ್ಗ ಬಿಗಿದು ಬಟ್ಟೆ ಒಣಹಾಕುತ್ತಿದ್ದಳು. ಅಂಗಳದ ಪ್ರತಿ ಜಾಕಿಯ ಬೆನ್ನು ತಟ್ಟಿ ಮಾತಾಡಿಸುವ ಸಾಹುಕಾರರು ಒಳಗಿನವನ್ನು ಮಾತ್ರ ಮುಟ್ಟುತ್ತಿರಲಿಲ್ಲ. ಮಲಗುವಾಗ ತಾರಸಿಯನ್ನೊಮ್ಮೆ, ಕಂಬಗಳನ್ನೊಮ್ಮೆ ನೋಡಿ, ಆಮೇಲೆ ಗೊರಕೆ ಹೊಡೆಯುತ್ತಿದ್ದರು. ಆ ಗೊರಕೆಗೆ ಮೂರು ಬೀದಿ ಆಚೆಯ ನಾಯಿಗಳು ಬೊಗಳುತ್ತಿದ್ದವು.

ಅತ್ತ ಮನೆಯ ಒಲೆ ಉರಿಯಬೇಕಲ್ಲ! ಗುಡ್ಡವನ್ನು ಗುಜರಿಯವನು ಗಾಡಿಗಟ್ಟಲೆ ತೂಗಿ ತೂಗಿ ಸಾಗಿಸಿದ. ಗುಡ್ಡ ದಿಬ್ಬವಾಯಿತು, ದಿಬ್ಬ ಗುಪ್ಪೆಯಾಯಿತು. ಕೊನೆಗೆ ಒಂದು ದಿನ, ಉಳಿದದ್ದನ್ನೂ ನಾಳೆ ಒಯ್ಯಿ ಎಂದು ಸಾಹುಕಾರರು ಮಾತು ಕೊಟ್ಟರು. ಕೊಟ್ಟು ಬಂದವರು ಮೀಸೆ ತಿರುವಲಿಲ್ಲ. ಅವರ ಜನ್ಮದಲ್ಲಿ ಮೀಸೆ ತಿರುವದ ಸಂಜೆ ಅದೊಂದೇ.

ಮರುದಿನ ಬೆಳಗ್ಗೆ ಗುಜರಿಯವನ ಗಾಡಿ ಬಾಗಿಲಿಗೆ ಬಂದು ನಿಂತದ್ದಕ್ಕೂ ಸಾಹುಕಾರರ ಫೋನು ಕಿರುಚಿಕೊಂಡದ್ದಕ್ಕೂ ಸರಿಹೋಯಿತು. ಫೋನಿನಲ್ಲಿ ಕಂಟ್ರಾಕ್ಟರ್. ಎಷ್ಟೋ ವರುಷಗಳಿಂದ ದನಿಯೇ ಕೇಳಿಸದಿದ್ದ ಕಂಟ್ರಾಕ್ಟರ್!

"ಸಾಹುಕಾರ್ರೇ, ಆಸ್ಪತ್ರೆ ಕಟ್ಟಡ ಮತ್ತೆ ಶುರು! ಬ್ಯಾಂಕು ಬಾಗಿಲು ತೆಗೀತು, ನಾಳೆಯಿಂದಲೇ ತಾರಸಿಗೆ ಸೆಂಟ್ರಿಂಗ್ ಕೆಲಸ. ಊರಲ್ಲಿ ಜಾಕಿಗೆ ಹಾಹಾಕಾರ ಎದ್ದುಬಿಟ್ಟಿದೆ. ಮಧ್ಯಾಹ್ನ ಲಾರಿ ಕಳಿಸ್ತೀನಿ. ತುಂಬಿಸ್ತೀರಾ?"

"ತುಂಬಿಸ್ತೀರಾ ಅಂತ ಕೇಳ್ತೀರಲ್ಲ ಸ್ವಾಮಿ! ಆಕಾಶ ಜಾರಿಬಿದ್ರೂ ಎತ್ತಿ ಹಿಡಿಯೋವಷ್ಟಿದೆ ನಮ್ಮಲ್ಲಿ!"

"ನೋಡಿ ಮತ್ತೆ. ಲಾರಿ ತುಂಬಿ ಬಂದ್ರೆ ಎಲ್ಲ ಮಹಡಿನೂ ನಿಮಗೇ. ಅರ್ಧಂಬರ್ಧ ಬಂದ್ರೆ ಹಾಗೇ ವಾಪಸ್ಸು, ಆಚೆ ಬೀದಿಯವನನ್ನ ಕರೀತೀನಿ."

ಫೋನಿಟ್ಟ ಸಾಹುಕಾರರು ಎಗರಿದ ಎಗರಿಗೆ ಚಪ್ಪಲಿ ಒಂದು ಕಡೆ, ಅವರು ಒಂದು ಕಡೆ. ಮೀಸೆ ತಾನಾಗಿಯೇ ತಿರುಗಿಕೊಂಡಿತು. "ಏಳ್ರೋ! ದೇಶ ಎದ್ದಿದೆ, ಏಳ್ರೋ!"

ಗುಜರಿಯವನು ತಕ್ಕಡಿ ಹಿಡಿದು ಬಂದ. "ಏನು ಸಾಹುಕಾರ್ರೇ, ಮಾತು ಕೊಟ್ಟಿದ್ರಲ್ಲ?"

"ಕೊಟ್ಟಿದ್ದೆ. ಸಂಜೆ ತನಕ ಆ ಕಟ್ಟೆ ಮೇಲೆ ಕೂತ್ಕೋ. ಲಾರಿ ತುಂಬಿದ್ರೆ ನೀನು ಖಾಲಿ ಗಾಡಿ ಹೊಡ್ಕೊಂಡು ಹೋಗು. ತುಂಬದಿದ್ರೆ ಎಲ್ಲಾ ನಿಂದೇ, ಬಾಗಿಲ ಮೇಲಿನ ನನ್ನ ಬೋರ್ಡನ್ನೂ ಕಿತ್ಕೊಂಡು ಹೋಗು."

"ಒಳಗಿನವೂ ಸೇರಿಸಿಯೋ?"

"ಅವನ್ನ ಮುಟ್ಟಬೇಡ. ಅವು ಬಿತ್ತನೆಗೆ ಇಟ್ಕೊಂಡದ್ದು!"

ಗುಜರಿಯವನು ನಕ್ಕು ಕೂತ. ಸಾಹುಕಾರರಿಗೆ ನಗು ಬರಲಿಲ್ಲ. ಅಂಗಳದ ಗುಪ್ಪೆ ನೋಡಿದರೆ ಅರ್ಧ ಲಾರಿಗೂ ಸಾಲದು.

ಆದರೆ ಕೆಲಸವಿಲ್ಲದ ಕಾಲದಲ್ಲಿ ಕೇಳಿದವರಿಗೆಲ್ಲ ಜಾಕಿ ಕೊಟ್ಟು ಧಾರಾಳತನ ಮೆರೆದಿದ್ದರು ನೋಡಿ, ಇಡೀ ಬೀದಿಯೇ ಅವರ ಕಂಬಗಳ ಮೇಲೆ ನಿಂತಿತ್ತು! ಸಾಹುಕಾರರು ಕೈಗಾಡಿ ತೆಗೆದುಕೊಂಡು ಬಾಮೈದನ ಜೊತೆ ಬಿರುಗಾಳಿಯಂತೆ ನುಗ್ಗಿದರು. ಕ್ಷೌರದಂಗಡಿಯ ಬೋರ್ಡು ಹೊತ್ತಿದ್ದ ಜಾಕಿ ಬಂತು; ಬೋರ್ಡನ್ನು ಕ್ಷೌರಿಕನೇ ಎಡಗೈಯಲ್ಲಿ ಎತ್ತಿ ಹಿಡಿದುಕೊಂಡು ಬಲಗೈಯಲ್ಲಿ ಗಿರಾಕಿಯ ಗಡ್ಡ ಕೆರೆದ. ಆಟದ ಬಯಲಿನ ವಾಲಿಬಾಲ್ ನೆಟ್ಟಿನ ಕಂಬಗಳು ಬಂದವು, ಆಟಗಾರರೂ ಅವನ್ನು ಹೊತ್ತುಕೊಂಡು ಹಿಂದೆಯೇ ಬಂದರು. ಕೋಳಿಗೂಡಿನ ನಾಲ್ಕು ಮೂಲೆಯೂ ಬಂತು; ಕೋಳಿಗಳು ಸೂರ್ಯನನ್ನು ಮೊದಲ ಸಲ ನೋಡಿದಂತೆ ಕಕ್ಕಾಬಿಕ್ಕಿಯಾಗಿ ನಿಂತವು.

"ಭಾವ, ನಮ್ಮ ಬೀದಿ ಬಿದ್ದುಹೋಗುತ್ತೆ!" ಎಂದ ಬಾಮೈದ ಏದುಸಿರು ಬಿಡುತ್ತ.

"ಬೀಳಲಿ ಬಿಡೋ, ಇನ್ನು ಮೇಲೆ ಕಟ್ಟೋ ಕಾಲ ಬಂತಲ್ಲ!"

ನಿಜಕ್ಕೂ ಬಂದಿತ್ತು. ದಾರಿಯುದ್ದಕ್ಕೂ ಜಲ್ಲಿಯ ಲಾರಿಗಳು ಧೂಳೆಬ್ಬಿಸಿ ಓಡುತ್ತಿದ್ದವು. ಹೆಂಚು, ಹಾಸುಗಲ್ಲಿನ ಅಂಗಡಿಯವನು ತುಕ್ಕು ಹಿಡಿದ ಷಟರನ್ನು ಎತ್ತಲಾರದೆ ಒದೆಯುತ್ತಿದ್ದ. ಮೇಸ್ತ್ರಿಯೊಬ್ಬ ಕರಣೆಯನ್ನು ಅಂಗಿಯ ಜೇಬಿನಲ್ಲಿ ಪೆನ್ನಿನ ಹಾಗೆ ಸಿಕ್ಕಿಸಿಕೊಂಡು ಸೈಕಲ್ ತುಳಿಯುತ್ತಿದ್ದ. ಅವನ ಮುಖದ ಬೆಳಕಿಗೆ ಬೀದಿದೀಪ ಬೇಡವಾಗಿತ್ತು.

ಮಧ್ಯಾಹ್ನ ಲಾರಿ ಬಂತು. ಲಾರಿ ಎಂದರೆ ಅಂತಿಂಥ ಲಾರಿಯಲ್ಲ, ಅದರ ನೆರಳಿನಲ್ಲಿ ಒಂದು ಊರೇ ಚಹಾ ಕುಡಿಯಬಹುದಿತ್ತು. ಎಲ್ಲರೂ ಸೇರಿ ಹೇರಿದರು, ಹೇರಿದರು, ಹೇರುತ್ತಲೇ ಇದ್ದರು. ಬಿಸಿಲು ಇಳಿಯುವ ಹೊತ್ತಿಗೆ ಅಂಗಳದಲ್ಲಿ ಒಂದು ತಿರುಪೂ ಉಳಿಯಲಿಲ್ಲ. ಲಾರಿಯ ಹಿಂಭಾಗ ಮಾತ್ರ ಇನ್ನೂ ಬಾಯಿ ತೆರೆದುಕೊಂಡಿತ್ತು.

ಡ್ರೈವರ್ ಹತ್ತಿ ನೋಡಿ ಇಳಿದ. "ತುಂಬಿಲ್ಲ ಸಾಹುಕಾರ್ರೇ."

"ಸ್ವಲ್ಪ ಒತ್ತಿದ್ರೆ..."

"ಇದೇನು ಹತ್ತಿ ಮೂಟೆನಾ ಒತ್ತೋಕೆ? ನಾನು ಹೊರಡಬೇಕು. ಹೀಗೇ ಹೋದ್ರೆ ಅವರು ಇಳಿಸಿಕೊಳ್ಳೋದೂ ಇಲ್ಲ."

ಗುಜರಿಯವನು ಕಟ್ಟೆಯಿಂದ ಎದ್ದು ಅಂಗಿ ಕೊಡವಿಕೊಂಡ. ಸಾಹುಕಾರರ ಎದೆ ಡವಡವ ಹೊಡೆದುಕೊಂಡದ್ದು ಲಾರಿಯ ಇಂಜಿನ್ನನ್ನೂ ಮೀರಿಸಿತು. ಆಗ ಜಗಲಿಯಲ್ಲಿ ತನ್ನ ಮೇಜಿಗೆ ಒರಗಿ ನಿಂತಿದ್ದ ಹೆಂಡತಿ ಬಾಯಿಬಿಟ್ಟಳು.

"ಏನ್ರೀ, ಅಂಗಳದಲ್ಲಿ ಜಾಗ ಇಲ್ಲ ಅಂತಿದ್ರಲ್ಲ. ಈಗ ನೋಡಿ, ಕುದುರೆ ಓಡಿಸಬಹುದು."

ಸಾಹುಕಾರರು ಅಂಗಳ ನೋಡಿದರು. ಅಷ್ಟು ವರುಷ ಸಾಕ್ಷಿ ಹೇಳಿದ ಅಂಗಳ ಇವತ್ತು ಕೈಕೊಟ್ಟಿತ್ತು. "ಒಳಗಿನವು ಬೇಡ ಕಣೇ," ಎಂದರು ಮೆಲ್ಲಗೆ.

"ಯಾಕೆ? ಹೆಲಿಕಾಪ್ಟರ್?"

"ಹೆಲಿಕಾಪ್ಟರ್ ಹಾಳಾಗಲಿ! ಅರ್ಧ ತಾರಸಿ ನಾವು ಕಲಸಿದ್ದು. ಏನು ಹಾಕಿದ್ವೋ ಏನು ಬಿಟ್ವೋ. ತಲೆ ಮೇಲೆ ಬಂದ್ರೆ?"

ಊರೆಲ್ಲ ಕೇಳುವಂತೆ ಕೂಗುವ ಮನುಷ್ಯ ಹೆಂಡತಿಗೆ ಮಾತ್ರ ಕೇಳುವಂತೆ ಆಡಿದ ಮೊದಲ ಮಾತು ಅದು. ಬಾಮೈದ ಕೆಮ್ಮಿ ಬೇರೆ ಕಡೆ ನೋಡಿದ. ಹೆಂಡತಿ ಅಣಕಿಸಲಿಲ್ಲ, ಮೂಲೆಯಲ್ಲಿದ್ದ ಸುತ್ತಿಗೆ ತಂದು ಗಂಡನ ಕೈಯಲ್ಲಿಟ್ಟಳು.

"ಮೇಸ್ತ್ರಿಗಳಿಗೆಲ್ಲ ಹೇಳಿಕೊಡ್ತೀರಲ್ಲ, ಮಧ್ಯದಿಂದ ಶುರು ಮಾಡಿ ಅಂತ. ಶುರು ಮಾಡಿ."

ನಡುಮನೆಯ ಒಂದು ಬದಿಯಲ್ಲಿ ಅತ್ತೆ ಮಂಚದ ಮೇಲೆ ಕಾಲು ಚಾಚಿ ಕೂತಿದ್ದರು.

"ಅತ್ತೆ, ಸ್ವಲ್ಪ ಆಚೆ ಹೋಗಿ. ಜಾಕಿ ತೆಗೀತಾ ಇದ್ದೀನಿ."

"ತೆಗೀರಿ ಅಳಿಯಂದಿರೇ, ನನಗೇನು ಅಡ್ಡಿ?"

"ತಾರಸಿ ಬಿದ್ರೆ?"

"ಬಿದ್ರೆ ನಿಮಗೂ ಹೇಳಿ ಕಳಿಸ್ತೀನಿ," ಎಂದು ಅತ್ತೆ ದಿಂಬು ಸರಿಮಾಡಿಕೊಂಡರು.

ಸಾಹುಕಾರರು ಕಾಡಿನ ನಟ್ಟನಡುವೆ ಹೋಗಿ ನಿಂತರು. ಹೊರಗೆ ಡ್ರೈವರ್ ಹಾರ್ನ್ ಒತ್ತಿದ. ಕಿಟಕಿಗಳಲ್ಲಿ ಬೀದಿಯ ಅಷ್ಟೂ ಮುಖಗಳು. ಅವರೆಲ್ಲ ಉಸಿರು ಬಿಗಿಹಿಡಿದದ್ದರಿಂದ ಊರಿಗೆಲ್ಲ ಗಾಳಿ ಹೆಚ್ಚಾಗಿರಬೇಕು. ಕೈಯೊಳಗಿನ ಸುತ್ತಿಗೆ ಹಾರೆಯಷ್ಟು ಭಾರ. ಕಣ್ಣು ಮುಚ್ಚಿ, ತಿರುಪಿನ ಕಿವಿಗೆ ಒಂದು ಏಟು ಹಾಕಿದರು.

ತಣ್!

ಭಾರ ಹೊತ್ತ ಜಾಕಿಗೆ ಹೊಡೆದರೆ ಅದು ಕುಯ್ಯೋ ಅಂತ ನರಳಬೇಕು. ಇದು ದೇವಸ್ಥಾನದ ಗಂಟೆಯ ಹಾಗೆ ನಕ್ಕಿತು! ಸಾಹುಕಾರರು ಕಣ್ಣು ತೆರೆದರು. ಬೆರಳಿನಿಂದ ದೂಡಿದರು, ಕಂಬ ತೂಗಾಡಿತು. ತಲೆ ಎತ್ತಿದರು. ಕಂಬದ ನೆತ್ತಿಗೂ ತಾರಸಿಯ ಹೊಟ್ಟೆಗೂ ನಡುವೆ ಒಂದು ಬೆರಳು ಸಂದು, ಸಂದಿನಲ್ಲಿ ಜೇಡರ ಬಲೆ. ಇನ್ನೊಂದಕ್ಕೆ ಹೊಡೆದರು: ತಣ್! ಮತ್ತೊಂದು: ತಣ್! ಎಲ್ಲವೂ ಸಡಿಲ. ಒಂದು ಕಂಬವೂ ಏನನ್ನೂ ಹೊತ್ತಿರಲಿಲ್ಲ.

"ಇದು... ಯಾರು...?"

ಹೆಂಡತಿ ಬಟ್ಟೆಯ ಹಗ್ಗಗಳನ್ನು ಒಂದೊಂದಾಗಿ ಬಿಚ್ಚತೊಡಗಿದಳು. ಹಗ್ಗ ಬಿಚ್ಚಿದ ಕಂಬ ಬಾಮೈದನ ತೋಳಿಗೆ ವಾಲಿತು.

"ನೀವು ಅಂಗಳದಲ್ಲಿ ಗುಜರಿಯವನ ಜೊತೆ ಜಗಳ ಆಡ್ತಿದ್ದಾಗ, ಬಂದು ಒಂದೊಂದು ಸುತ್ತು ಸಡಿಲ ಮಾಡ್ತಿದ್ದೆ. ಸುತ್ತಿಗೊಂದು ವಾರ ಬಿಟ್ಟು, ಮೇಲೆ ಬಿರುಕು ಬಂತಾ ಅಂತ ನೋಡ್ತಿದ್ದೆ. ಬರಲಿಲ್ಲ. ಪೂರ್ತಿ ಬಿಟ್ಟೇಬಿಟ್ಟೆ. ಬೀಳದೆ ಇರಲಿ ಅಂತ ಹಗ್ಗ ಕಟ್ಟಿದೆ."

"ಬಟ್ಟೆಗೆ ಅಲ್ವಾ ಹಗ್ಗ?"

"ಹೊರಗೆ ಅಷ್ಟು ಬಿಸಿಲಿದ್ದಾಗ ಒಳಗೆ ಯಾರಾದ್ರೂ ಬಟ್ಟೆ ಒಣಹಾಕ್ತಾರೇನ್ರೀ?"

"ಹಾಗಾದ್ರೆ ಇಷ್ಟು ವರ್ಷ ನನಗೆ ಹೇಳಲಿಲ್ಲ ಯಾಕೆ? ಅಡ್ಡಡ್ಡ ನಡೆದ್ಯಲ್ಲ ನೀನೂ!"

"ಹೇಳಿದ್ರೆ ನೀವು ಮಲಗ್ತಿದ್ರಾ?" ಎಂದಳು ಹೆಂಡತಿ. "ಕಸುಬು ಮುಳುಗಿತ್ತು. ರಾತ್ರಿ ಗೊರಕೆನಾದ್ರೂ ಇರಲಿ ಅಂತ ಬಿಟ್ಟೆ."

ಸಾಹುಕಾರರು ತಾರಸಿಯನ್ನೊಮ್ಮೆ, ಹೆಂಡತಿಯನ್ನೊಮ್ಮೆ ನೋಡಿದರು. ಆಮೇಲೆ ಅವರು ನಕ್ಕರು; ಮೂರು ಬೀದಿ ಆಚೆಯ ನಾಯಿಗಳು ಗಾಬರಿಯಾಗಿ ಎದ್ದು ನಿಂತವಂತೆ. ನಕ್ಕ ನಗೆಗೆ ತಾರಸಿ ಬೀಳಬೇಕಿತ್ತು, ಆದರೂ ಬೀಳಲಿಲ್ಲ. ಅದಕ್ಕಿಂತ ದೊಡ್ಡ ಪರೀಕ್ಷೆ ಇನ್ನೇನು ಬೇಕು!

"ಹೇರ್ರೋ!" ಎಂದು ಕೂಗಿದರು. "ಬಿತ್ತನೆ ಕಾಳೂ ಹೇರ್ರೋ!"

ಜಾಕಿಗಳು ಕೈಯಿಂದ ಕೈಗೆ ಹಾರಿದವು. ಕ್ಷೌರಿಕ ಬೋರ್ಡು ಬಿಸಾಕಿ ಬಂದ, ಆಟಗಾರರು ಬಂದರು, ಸೋತ ಗುಜರಿಯವನೂ ತಡೆಯಲಾರದೆ ಎರಡು ಹೊತ್ತು ತಂದ. ಕೊನೆಯ ಕಂಬ ಒಳಗೆ ಜಾರಿದಾಗ ಲಾರಿಯ ಹಿಂಬಾಗಿಲು ಹಾಕಲು ನಾಲ್ಕು ಜನ ಒರಗಬೇಕಾಯಿತು. ಡ್ರೈವರ್ ಮೇಲೆ ಕೆಳಗೆ ನೋಡಿ, "ಈಗ ತುಂಬ್ತು," ಎಂದು ಇಂಜಿನ್ ಎಬ್ಬಿಸಿದ. ಗುಜರಿಯವನು ತಕ್ಕಡಿಯನ್ನು ಗಾಡಿಗೆ ಎಸೆದು, "ಒಳಗಿನವು ಬಿತ್ತನೆಗೆ ಅಂದಾಗಲೇ ನನಗೆ ಅನುಮಾನ ಇತ್ತು ಬಿಡಿ," ಎಂದು ಖಾಲಿ ಗಾಡಿ ಹೊಡೆದುಕೊಂಡು ಹೋದ.

ಜನ ಚದುರಿದ ಮೇಲೆ ಹೆಂಡತಿಯೂ ಬಾಮೈದನೂ ಸೇರಿ ಜಗಲಿಯ ಮೇಜನ್ನು ಒಳಗೆ ತಂದರು. ಅದು ಎಲ್ಲೂ ತಗಲದೆ, ಎಲ್ಲೂ ಓರೆಯಾಗದೆ, ದೋಣಿಯ ಹಾಗೆ ತೇಲಿಕೊಂಡು ಬಂದು ನಡುಮನೆಯ ಮಧ್ಯೆ ಕೂತಿತು. ಅತ್ತೆ ಮಂಚದಿಂದಲೇ, "ಅಯ್ಯೋ, ನಮ್ಮನೆಗೆ ಇಷ್ಟು ದೊಡ್ಡ ಹಾಲ್ ಇತ್ತಾ?" ಎಂದರು.

ಆಗಲೇ ಗೋಡೆಯ ಬಳಿಯ ಫೋನು ಮತ್ತೆ ಕಿರುಚಿತು. ಬಾಗಿಲಲ್ಲಿದ್ದ ಸಾಹುಕಾರರು ಓಡಿದರು: ಇಲ್ಲದ ಕಂಬದಿಂದ ಎಡಕ್ಕೆ ತಪ್ಪಿಸಿಕೊಂಡು, ಇನ್ನೊಂದು ಇಲ್ಲದ ಕಂಬಕ್ಕೆ ಹೆಗಲು ಓರೆ ಮಾಡಿ, ತಲೆ ಬಗ್ಗಿಸಿ, ಏಡಿಯ ಹಾಗೆ ಅಡ್ಡಡ್ಡ.

"ರೀ," ಎಂದಳು ಹೆಂಡತಿ, ನಗು ತಡೆಯಲಾರದೆ ಮೇಜು ಹಿಡಿದುಕೊಂಡು. "ನೇರ ಹೋಗಿ."

ಸಾಹುಕಾರರು ನಿಂತರು. ಬೆನ್ನು ನೆಟ್ಟಗೆ ಮಾಡಿಕೊಂಡರು. ಎದೆ ಮುಂದಿಟ್ಟು, ಕೈ ಬೀಸಿಕೊಂಡು, ತಮ್ಮ ಮನೆಯ ನಡುವೆ ಗೆರೆ ಎಳೆದಂತೆ ನಡೆದು ಹೋಗಿ ಫೋನೆತ್ತಿದರು.

"ಜಾಕಿನಾ?" ಎಂದರು. ಕಿಟಕಿಯಿಂದ ಕಾಣುವ ಅಂಗಳದಲ್ಲಿ ಒಂದು ಕೋಳಿಯ ಹೊರತು ಏನೂ ಇರಲಿಲ್ಲ. "ಎಷ್ಟು ಬೇಕು ಹೇಳಿ ಸ್ವಾಮಿ!"