ಚೆಲ್ಲದ ಸೂಪು

ಟಕ್, ಟಕ್ — ನಡುರಾತ್ರಿ, ಯಾರೋ ಕ್ಯಾಬಿನ್ನಿನ ಬಾಗಿಲು ಬಡಿಯುತ್ತಿದ್ದಾರೆ, ದುಂಡು ಕಿಟಕಿಯಾಚೆ ಕಪ್ಪು ಕಡಲು, ಕಡಲೆಲ್ಲಿ ಬಂತು, ಅದು ಕಪ್ಪು ಬಟ್ಟೆ, ಅದರ ಹಿಂದೆ ಸ್ಟುಡಿಯೋದ ಸಿಮೆಂಟು ನೆಲ, ಹೊರಗೆ ಲಂಡನ್ನಿನ ಬೆಳಗಿನ ಹನ್ನೊಂದು ಗಂಟೆ, ಈ ಪ್ಲೈವುಡ್ ಹಡಗಿನ ಒಂದೊಂದು ಮೊಳೆಯೂ ಈನಿಡ್‌ಗೆ ಗೊತ್ತು, ನಲವತ್ತು ವರ್ಷ ನೋಡದೆ ಉಳಿದ ಚಿತ್ರ ಈ ಭಾನುವಾರ ಮಧ್ಯಾಹ್ನ ವೃದ್ಧ ಕಲಾವಿದರ ನಿಲಯದ ಟೀವಿಯಲ್ಲಿ ಓಡುತ್ತಿದೆ, ಮುದುಕರೆಲ್ಲ ಕೇಕೆ ಹಾಕಿ ನಗುತ್ತಿದ್ದಾರೆ, ಆ ಬಾಗಿಲನ್ನು ತೆರೆಯಬೇಕಾದವಳು ತಾನು, ಹಡಗಿನ ಪರಿಚಾರಕಿ, ತೆರೆದವಳು ಬೇರೆ ಯಾರೋ. ಟಕ್ ಟಕ್, ಮಂಗಳವಾರ ರಾತ್ರಿಯೂ ಹೀಗೆಯೇ, ತನ್ನ ಕೋಣೆಯ ಬಾಗಿಲಿಗೆ, ಹೆಟ್ಟಿ, ಅಂದು ಸ್ಟುಡಿಯೋದಲ್ಲಿ ಉಡುಪು ತೊಡಿಸುತ್ತಿದ್ದ ಹೆಟ್ಟಿ, ಈ ನಿಲಯಕ್ಕೆ ಬಂದು ಹತ್ತೇ ದಿನ, ಈನಿಡ್, ನಾನು ಕಣೇ, ಭಾನುವಾರ ನಮ್ಮ ಹಡಗಿನ ಪಿಕ್ಚರ್ ಹಾಕ್ತಾರಂತೆ, ಒಂದೇ ಒಂದು ಸಲ ಕಣ್ಣು ಬಿಟ್ಟು ನೋಡು, ಯಾರು ಅಂತ ನನ್ನ ಬಾಯಿಂದ ಬೇಡ, ನೋಡಿದ ಮೇಲೂ ನಾನೇ ಕಳ್ಳಿ ಅನ್ಸಿದ್ರೆ ಈ ಬಾಗಿಲು ತೆಗೀಲೇ ಬೇಡ. ಅಂದು ತೆರೆಯಲಿಲ್ಲ. ಈಗ ಹೆಟ್ಟಿ ಎದುರಿನ ಕುರ್ಚಿಯಲ್ಲಿ ಉಣ್ಣೆ ಹೆಣೆಯುತ್ತಿದ್ದಾಳೆ, ತಲೆಯೆತ್ತುವುದಿಲ್ಲ, ಈನಿಡ್‌ಳ ಪಕ್ಕದಲ್ಲಿ ವಿಲ್ಫ್, ಅವಳ ಗಂಡ, ಮೊಣಕಾಲು ಕುಣಿಸುತ್ತ, ಏ ಯಾರಾದ್ರೂ ಅದನ್ನ ಬದಲಾಯಿಸ್ರಪ್ಪ, ಕುದುರೆ ರೇಸ್ ಶುರುವಾಗಿರತ್ತೆ, ಪಾಪ, ಹೆಂಡತಿಗೆ ನೋವಾದೀತೆಂದು, ಈ ಚಿತ್ರ ಟೀವಿಗೆ ಬಂದಾಗಲೆಲ್ಲ ಓಡಿ ಹೋಗಿ ಆರಿಸಿದವನು, ಅಂಥ ಗಂಡ ಎಷ್ಟು ಜನಕ್ಕೆ ಸಿಕ್ಕಾನು.

ಇನ್ನೇನು ಊಟದ ಸಾಲೆಯ ದೃಶ್ಯ, ಬಿರುಗಾಳಿ, ಹಡಗು ಹೊಯ್ದಾಡಬೇಕು, ಹಡಗು ಅಲ್ಲಾಡುವುದಿಲ್ಲ, ಅಲ್ಲಾಡುವುದು ಕ್ಯಾಮೆರಾ, ಅದರ ಪಕ್ಕ ನಿಂತ ಸಹಾಯಕನ ಕೈಯಲ್ಲಿ ಪೊರಕೆಯ ಕೋಲು, ಕೋಲು ಎಡಕ್ಕೆ ವಾಲಿದರೆ ನಲವತ್ತು ಜನವೂ ಎಡಕ್ಕೆ, ಬಲಕ್ಕೆ ವಾಲಿದರೆ ಬಲಕ್ಕೆ, ತಪ್ಪಿ ವಾಲಿದವನು ನಾಲ್ಕು ಗಂಟೆಗೆ ಎಲ್ಲರಿಗೂ ಚಹಾ ಕೊಡಿಸಬೇಕು, ಕೊಡಿಸುತ್ತಿದ್ದವನು ಯಾವಾಗಲೂ ವಿಲ್ಫ್, ಮಾತಿಲ್ಲದ ಪ್ರಯಾಣಿಕನ ವೇಷ, ನಮ್ಮ ವಿಲ್ಫ್‌ದು ಬೇರೇನೇ ಸಮುದ್ರ ಕಣ್ರೋ, ಎಂದು ಎಲ್ಲರೂ ಚುಡಾಯಿಸುತ್ತಿದ್ದರು. ಬಟಾಣಿ ಸೂಪು, ಅಂಚಿನವರೆಗೆ ತುಂಬಿದ ಹಸಿರು ಬಟ್ಟಲು, ಬಿರುಗಾಳಿಯಲ್ಲಿ ಒಂದು ತೊಟ್ಟೂ ಚೆಲ್ಲದೆ ತಂದು, ಗಾಳಿ ನಿಂತು ಕಡಲು ಕನ್ನಡಿಯಂತಾದ ಮೇಲೆ ಹೆಮ್ಮೆಯಿಂದ ನಕ್ಕು ಇಡೀ ಬಟ್ಟಲನ್ನು ಕಪ್ತಾನನ ತೊಡೆಗೆ ಸುರಿಯುವುದು, ಅದು ಚಿತ್ರಕಥೆಯಲ್ಲಿರಲಿಲ್ಲ, ಅಪ್ಪ ನಾಟಕಶಾಲೆಗಳಲ್ಲಿ ಮೂವತ್ತು ವರ್ಷ ಆಡಿ ಸಾಯುವ ಮುನ್ನ ಮಗಳಿಗೆ ಬಿಟ್ಟುಹೋದ ಆಸ್ತಿ, ಬಟ್ಟಲು ನೋಡಬೇಡ ಮಗಳೇ, ಎದುರಿಗಿರೋನ ಮೂಗು ನೋಡು, ಹೆಜ್ಜೆಗೊಂದು ವಾರ ಎಣಿಸು, ಭಾನುವಾರ ಮಂಡಿ ಬಗ್ಗಿಸು, ಸೋಮವಾರ ಸೊಂಟ, ಮಂಗಳವಾರ ಭುಜ, ಬುಧವಾರ ಉಸಿರು ಬಿಡು. ಅದನ್ನು ಗುರುವಾರ ನಿರ್ದೇಶಕರಿಗೆ ತೋರಿಸುವುದೆಂದು ಈನಿಡ್ ನಿಶ್ಚಯಿಸಿದ್ದಳು, ಹಿಂದಿನ ಸಂಜೆ ಉಡುಪಿನ ಕೋಣೆಯಲ್ಲಿ ಹೆಟ್ಟಿಗೆ ಆಡಿ ತೋರಿಸಿದಳು, ನಗುವಿಗೆ ಹೆಟ್ಟಿಯ ಬಾಯಲ್ಲಿದ್ದ ಗುಂಡುಸೂಜಿಗಳೆಲ್ಲ ಉದುರಿದವು, ಗುರುವಾರ ಬೆಳಗ್ಗೆ ಗೇಟಿನಲ್ಲೇ, ನಿಮ್ಮನ್ನ ಪಾತ್ರದಿಂದ ತೆಗೆದಿದ್ದಾರೆ ಮೇಡಂ, ವಾಪಸ್ ಹೋಗಿ, ಶುಕ್ರವಾರ ಊರೆಲ್ಲ ಅದೇ ಮಾತು, ನಾಯಕ ಮಾಂಟಿ ನಿನ್ನೆ ಸೂಪಿನ ಬಟ್ಟಲು ಹಿಡಿದು ಏನು ಆಡಿದನಂತೆ, ಏನು ಆಡಿದನಂತೆ! ಹೆಟ್ಟಿ ಮಾಂಟಿಯ ಸ್ವಂತ ಉಡುಪುಗಾರ್ತಿಯಾದಳು, ಇನ್ನೇನು ಸಾಕ್ಷಿ ಬೇಕು, ಗೇಟಿನಾಚೆಯ ಚಹಾದ ಗಾಡಿಯ ಮುಂದೆ ಈನಿಡ್ ಎಲ್ಲರೆದುರು ಅವಳನ್ನು ಕಳ್ಳೀ ಎಂದಳು, ಕೈಯಲ್ಲಿ ಬನ್ನು ಹಿಡಿದು ನಿಂತ ಹೆಟ್ಟಿ ಹೇಳಿದ್ದು ಇಷ್ಟೇ, ನಾನಲ್ಲ ಕಣೇ. ಅವಳ ಹೊರತು ಬೇರೆ ಯಾರೂ ಅದನ್ನು ನೋಡಿರಲಿಲ್ಲ — ಅಡುಗೆಮನೆಯಲ್ಲಿ ವಿಲ್ಫ್ ನೋಡಿದ್ದ, ರಾತ್ರಿ ರಾತ್ರಿ ಎದುರಿಗೆ ನಿಂತು ಮೂಗು ಕೊಟ್ಟವನೇ ಅವನು, ಆದರೆ ಗಂಡನನ್ನು ಯಾರು ಲೆಕ್ಕಕ್ಕೆ ಹಿಡಿಯುತ್ತಾರೆ, ಮೇಲಾಗಿ ಆ ಗುರುವಾರ ಅವನು ಊರಲ್ಲೇ ಇರಲಿಲ್ಲ, ಯಾರ್ಕ್‌ನಲ್ಲಿ ಕಾಯಿಲೆಯ ತಾಯಿಯ ಹತ್ತಿರ ಇದ್ದ, ಬಂದವನೇ ಅಪ್ಪಿಕೊಂಡು, ಬಿಡೇ ಚಿನ್ನಾ, ಆ ಹೆಟ್ಟಿ ಮುಖ ಇನ್ನು ನೋಡ್ಬೇಡ. ನೋಡಲಿಲ್ಲ. ಈನಿಡ್ ಕೈಗವಸಿನ ಅಂಗಡಿ ಸೇರಿದಳು, ವಿಲ್ಫ್‌ಗೆ ಮಾತಿರುವ ಪಾತ್ರ ಬಂತು, ಮಾಂಟಿಯದೇ ಮುಂದಿನ ಏಳು ಚಿತ್ರಗಳಲ್ಲಿ, ದೇವರು ಒಂದು ಕಿತ್ತುಕೊಂಡರೆ ಒಂದು ಕೊಡುತ್ತಾನೆಂದು ಅವಳೇ ಹೇಳಿದ್ದಳು.

ಹಾಕಿ ಅಂದ್ನಲ್ಲಾ ರೇಸು, ವಿಲ್ಫ್ ಎದ್ದೇ ಬಿಟ್ಟ, ಈನಿಡ್ ಅವನ ತೋಳು ಹಿಡಿದಳು, ಕೂತ್ಕೋ, ನಾನು ನೋಡ್ಬೇಕು, ಹೆಟ್ಟಿಯ ಸೂಜಿಗಳು ನಿಂತವು. ತೆರೆಯ ಮೇಲೆ ಹಸಿರು ಬಟ್ಟಲು, ಮಾಂಟಿ ಬರುತ್ತಿದ್ದಾನೆ, ಮಂಡಿ, ಸೊಂಟ, ಭುಜ, ಅಪ್ಪನದೇ ಭುಜ, ಅವನ ಕಣ್ಣು ಬಟ್ಟಲಿನ ಮೇಲಿಲ್ಲ, ಎದುರಿಗಿರುವ ಯಾರದೋ ಮೂಗಿನ ಮೇಲಿದೆ, ಯಾರದು, ಎಲ್ಲರೂ ಎಡಕ್ಕೆ ವಾಲಿದರು, ಪೊರಕೆಕೋಲು ಎಡಕ್ಕೆ ಹೋಗಿರಬೇಕು, ಆದರೆ ಅಂಚಿನ ಮೇಜಿನಲ್ಲಿ ಒಂದು ಬೆನ್ನು, ಒಂದೇ ಬೆನ್ನು, ಬಲಕ್ಕೆ, ಅದು ಕೋಲು ನೋಡುತ್ತಿಲ್ಲ, ಅದಕ್ಕೆ ಬೇರೇನೇ ಸಮುದ್ರ, ನಿಧಾನವಾಗಿ ಆ ಮುಖ ಪಕ್ಕಕ್ಕೆ ಹೊರಳುತ್ತದೆ, ತುಟಿ ಅಲುಗುತ್ತಿದೆ, ಭಾನು, ಸೋಮ, ಮಂಗಳ, ಅಡುಗೆಮನೆಯ ದೀಪದಲ್ಲಿ ಅವಳೇ ಕಲಿಸಿದ ವಾರಗಳು, ತೆರೆಯಲ್ಲಿ ಎಣಿಸುತ್ತಿವೆ, ಅವಳ ಕೈಯೊಳಗೆ ಒಂದು ತೋಳು ತಣ್ಣಗಾಗುತ್ತಿದೆ, ಬುಧವಾರ, ಉಸಿರು ಬಿಡಲಾಗುತ್ತಿಲ್ಲ, ಹಸಿರು ಬಟ್ಟಲು, ಅಂಚಿನವರೆಗೆ, ಒಂದು ತೊಟ್ಟೂ ಚೆಲ್ಲಿಲ್ಲ, ಒಂದು ತೊಟ್ಟೂ —

ವಿಲ್ಫ್.